ಲಗೋರಿ

ಲಗೋರಿ ಕರ್ನಾಟಕದ ಹಳ್ಳಿ-ಪಟ್ಟಣಗಳಲ್ಲಿ ಮಕ್ಕಳು ಎರಡು ತಂಡಗಳಾಗಿ ಆಡುವ ಹೊರಾಂಗಣ ಆಟ. ಒಂದರ ಮೇಲೊಂದು ಪೇರಿಸಿದ ಏಳು ಚಪ್ಪಟೆ ಕಲ್ಲುಗಳನ್ನು ಒಂದು ತಂಡದವರು ಚೆಂಡಿನಿಂದ ಕೆಡವುತ್ತಾರೆ. ಎದುರು ತಂಡದವರ ಚೆಂಡಿನೇಟಿಗೆ ಸಿಗದೆ ಅವುಗಳನ್ನು ಮತ್ತೆ ಪೇರಿಸಿದರೆ ಅವರಿಗೆ ಗೆಲುವು. ಕಲ್ಲುಗಳ ಗೋಪುರಕ್ಕೂ ಲಗೋರಿ ಎಂಬ ಹೆಸರೇ ಇದೆ. ನೋಡುವವರಿಗೆ ಇದು ಗುರಿಯ ಮತ್ತು ಓಟದ ಆಟವಾಗಿ ಕಾಣುತ್ತದೆ. ಆದರೆ ಹೆಚ್ಚಿನ ಆಟಗಳ ಫಲಿತಾಂಶ ತೀರ್ಮಾನವಾಗುವುದು ಕಲ್ಲು ಜೋಡಿಸುವ ಕೈಯಲ್ಲಿ. ಆದ್ದರಿಂದ ಈ ಲೇಖನದಲ್ಲಿ ಆಟದ ನಿಯಮಗಳ ಜೊತೆಗೆ ಗೋಪುರ ನಿಲ್ಲುವುದಕ್ಕೂ ಬೀಳುವುದಕ್ಕೂ ಇರುವ ಭೌತಶಾಸ್ತ್ರದ ಕಾರಣಗಳನ್ನೂ ಅವುಗಳಿಂದ ಆಟಗಾರನಿಗೆ ಒದಗುವ ಉಪಾಯಗಳನ್ನೂ ವಿವರಿಸಲಾಗಿದೆ.

ಹೆಸರುಗಳು

ಕರ್ನಾಟಕದಲ್ಲಿಯೂ ಮಹಾರಾಷ್ಟ್ರದಲ್ಲಿಯೂ ಲಗೋರಿ ಎಂಬ ಹೆಸರು ಬಳಕೆಯಲ್ಲಿದೆ. ಉತ್ತರ ಭಾರತದಲ್ಲಿ ಪಿಟ್ಟು, ರಾಜಸ್ಥಾನ ಮತ್ತು ಗುಜರಾತಿನ ಕಡೆ ಸತೋಲಿಯಾ, ತೆಲುಗು ನಾಡಿನಲ್ಲಿ ಏಡು ಪೆಂಕುಲಾಟ ಎಂಬ ಹೆಸರುಗಳಿವೆ. ಇರಾನಿನಲ್ಲಿಯೂ ಇಂಥದೇ ಆಟವಿದ್ದು ಅದನ್ನು ಹಫ್ತ್ ಸಂಗ್, ಅಂದರೆ ಏಳು ಕಲ್ಲು, ಎನ್ನುತ್ತಾರೆ. ಹೆಸರು ಬದಲಾದರೂ ಏಳೆಂಬ ಸಂಖ್ಯೆ ಬಹುತೇಕ ಎಲ್ಲೆಡೆ ಉಳಿದುಕೊಂಡಿದೆ.

ಸಾಮಗ್ರಿ

ಈ ಆಟಕ್ಕೆ ಖರ್ಚಿಲ್ಲ. ಬೇಕಾದದ್ದು ಏಳು ಕಲ್ಲು, ಒಂದು ಚೆಂಡು ಮತ್ತು ಓಡಾಡಲು ಜಾಗ. ಹರಿದ ಬಟ್ಟೆಯನ್ನು ಉಂಡೆ ಮಾಡಿ ಮೇಲೆ ದಾರ ಸುತ್ತಿದ ಚೆಂಡು ಹಿಂದೆ ಸಾಮಾನ್ಯವಾಗಿತ್ತು. ಬನಹಟ್ಟಿ, ರಬಕವಿಯಂಥ ನೇಕಾರರ ಊರುಗಳಲ್ಲಿ ಇದಕ್ಕೆ ಬೇಕಾದ ನೂಲಿಗೆ ಬರವಿರಲು ಕಾರಣವಿಲ್ಲ. ಈಗ ರಬ್ಬರ್ ಚೆಂಡು ಅಥವಾ ಟೆನಿಸ್ ಚೆಂಡು ಬಳಸುತ್ತಾರೆ. ಟೆನಿಸ್ ಚೆಂಡಿನ ತೂಕ ಸುಮಾರು 56ರಿಂದ 59 ಗ್ರಾಂ. ಕ್ರಿಕೆಟ್ಟಿನ ಗಟ್ಟಿ ಚೆಂಡನ್ನು ಈ ಆಟಕ್ಕೆ ಎಂದಿಗೂ ಬಳಸಬಾರದು. ಇಲ್ಲಿ ಚೆಂಡು ಬೀಳುವುದು ಆಟಗಾರರ ಮೈಮೇಲೆ.

ಕಲ್ಲಿನ ಆಯ್ಕೆಯೇ ಅರ್ಧ ಆಟ. ಬನಹಟ್ಟಿ, ಜಮಖಂಡಿ, ಮುಧೋಳ, ಬೀಳಗಿಗಳ ಸೀಮೆಯಲ್ಲಿ ಎರಡು ಬಗೆಯ ಶಿಲೆಗಳು ಸಿಗುತ್ತವೆ. ಉತ್ತರಕ್ಕೆ ದಖ್ಖನಿನ ಕಪ್ಪು ಬಸಾಲ್ಟ್ ಹರಡಿದೆ. ಅದು ಒಡೆದಾಗ ಮುದ್ದೆಮುದ್ದೆಯಾಗುತ್ತದೆ. ಮುಧೋಳ, ಲೋಕಾಪುರ, ಕಲಾದಗಿಗಳ ಕಡೆ ಪದರುಪದರಾದ ಸುಣ್ಣದ ಕಲ್ಲಿದೆ. ಅದು ಹಲಗೆಯಂತೆ ಸೀಳುತ್ತದೆ. ಲಗೋರಿಗೆ ಎರಡನೆಯದೇ ಲೇಸು. ಮನೆಗೆ ಫರಸಿ ಹಾಕಿಸಿದಾಗ ಉಳಿಯುವ ತುಂಡುಗಳು, ಒಡೆದ ಹಂಚಿನ ಚೂರುಗಳು ಕೂಡ ಚೆನ್ನಾಗಿ ಒದಗುತ್ತವೆ. ಕೃಷ್ಣೆಯ ದಡದ ನುಣುಪು ಗುಂಡುಗಲ್ಲು ನೋಡಲು ಚೆಂದವೇ ಹೊರತು ಆಟಕ್ಕೆ ಬಾರದು. ಅದರ ಉಬ್ಬಿದ ಮೈ ಕೆಳಗಿನ ಕಲ್ಲನ್ನು ಒಂದೇ ಬಿಂದುವಿನಲ್ಲಿ ಮುಟ್ಟುವುದರಿಂದ ಮೇಲಿನದು ತೊಟ್ಟಿಲಿನಂತೆ ತೂಗುತ್ತದೆ.

ಅಡಿಗಲ್ಲು ಅಂಗೈಗಿಂತ ಅಗಲವಾಗಿದ್ದು, ಮೇಲೆ ಹೋದಂತೆ ಕಲ್ಲುಗಳು ಸಣ್ಣದಾಗುವುದು ರೂಢಿ. ಪಳಗಿದ ಮಕ್ಕಳು ದಿನವೂ ಹೊಸ ಕಲ್ಲು ಹುಡುಕುವುದಿಲ್ಲ. ಅವೇ ಏಳು ಕಲ್ಲುಗಳನ್ನು ಎತ್ತಿಟ್ಟುಕೊಳ್ಳುತ್ತಾರೆ. ಯಾವ ಕಲ್ಲಿನ ಯಾವ ಮಗ್ಗುಲು ಯಾವುದರ ಮೇಲೆ ಕೂರುತ್ತದೆ ಎಂಬುದು ಕೈಗೆ ರೂಢಿಯಾಗಿರುವುದು ದೊಡ್ಡ ಅನುಕೂಲ.

ಆಡುವ ಕ್ರಮ

ಆಟಗಾರರು ಸಮಸಂಖ್ಯೆಯ ಎರಡು ತಂಡಗಳಾಗುತ್ತಾರೆ. ಬಯಲಿನ ನಡುವೆ ಸಣ್ಣ ವೃತ್ತ ಬರೆದು ಅದರೊಳಗೆ ಕಲ್ಲು ಪೇರಿಸುತ್ತಾರೆ. ಕೆಲವು ಹೆಜ್ಜೆ ದೂರದ ಗೆರೆಯಿಂದ ಹೊಡೆಯುವ ತಂಡದವರು ಸರದಿಯಂತೆ ಚೆಂಡೆಸೆಯುತ್ತಾರೆ. ಒಬ್ಬರಿಗೆ ಸಾಮಾನ್ಯವಾಗಿ ಮೂರು ಅವಕಾಶ. ಗೋಪುರ ಬಿದ್ದ ಕ್ಷಣದಿಂದ ಕಾಯುವ ತಂಡದವರು ಚೆಂಡನ್ನು ಹಿಡಿದು, ಹೊಡೆಯುವ ತಂಡದವರಿಗೆ ಗುರಿಯಿಟ್ಟು ಎಸೆಯಬಹುದು. ಏಟು ತಗುಲಿದವನು ಹೊರಗೆ. ಅಷ್ಟರೊಳಗೆ ಏಳೂ ಕಲ್ಲುಗಳನ್ನು ಪೇರಿಸಿ 'ಲಗೋರಿ' ಎಂದು ಕೂಗಿದರೆ ಆ ತಂಡಕ್ಕೆ ಅಂಕ.

ಉಳಿದ ನಿಯಮಗಳು ಊರಿಂದ ಊರಿಗೆ, ಓಣಿಯಿಂದ ಓಣಿಗೆ ಬೇರೆ. ಎಸೆದ ಚೆಂಡು ಒಂದು ಪುಟ ನೆಗೆದ ಮೇಲೆ ಎದುರಾಳಿ ಹಿಡಿದರೆ ಎಸೆದವನು ಹೊರಗೆ ಎಂಬ ನಿಯಮ ಹಲವೆಡೆ ಇದೆ. ಚೆಂಡು ಹಿಡಿದವನು ಓಡಕೂಡದು, ನಿಂತಲ್ಲಿಂದಲೇ ಎಸೆಯಬೇಕು ಅಥವಾ ಜೊತೆಗಾರನಿಗೆ ದಾಟಿಸಬೇಕು ಎಂಬುದೂ ಅಷ್ಟೇ ಬಳಕೆಯಲ್ಲಿದೆ. ಮೊಣಕಾಲಿನ ಕೆಳಗೆ ಮಾತ್ರ ಹೊಡೆಯಬೇಕೆನ್ನುವವರೂ ಉಂಟು, ಬೆನ್ನಿಗೆ ಹೊಡೆದರೂ ನಡೆಯುತ್ತದೆ ಎನ್ನುವವರೂ ಉಂಟು. ತಲೆಗೆ ಹೊಡೆಯುವುದನ್ನು ಒಪ್ಪಕೂಡದು. ಜಗಳವಾಗದಿರಲು ಇವನ್ನೆಲ್ಲ ಆಟಕ್ಕೆ ಮೊದಲೇ ಗೊತ್ತುಮಾಡಿಕೊಳ್ಳುವುದು ಒಳ್ಳೆಯದು.

ಗೋಪುರ ಏಕೆ ನಿಲ್ಲುತ್ತದೆ

ಯಾವುದೇ ವಸ್ತುವಿನ ತೂಕವೆಲ್ಲ ಒಂದೇ ಬಿಂದುವಿನಲ್ಲಿ ನೆಲೆಸಿದೆ ಎಂದು ಭಾವಿಸಬಹುದು. ಅದು ಗುರುತ್ವ ಕೇಂದ್ರ. ಅಲ್ಲಿಂದ ನೇರ ಕೆಳಗೆ ಎಳೆದ ರೇಖೆ ಆಧಾರದ ಒಳಗೆ ಬಿದ್ದರೆ ವಸ್ತು ನಿಲ್ಲುತ್ತದೆ, ಹೊರಗೆ ಬಿದ್ದರೆ ಉರುಳುತ್ತದೆ. ಗೋಪುರದ ವಿಷಯದಲ್ಲಿ ಈ ಪರೀಕ್ಷೆಯನ್ನು ಒಮ್ಮೆ ಮಾಡಿದರೆ ಸಾಲದು. ಪ್ರತಿ ಕೂಡುಗೆಯಲ್ಲಿಯೂ ಮಾಡಬೇಕು. ಮೂರನೆಯ ಕಲ್ಲಿನ ಮೇಲೆ ನಾಲ್ಕು ಕಲ್ಲುಗಳಿದ್ದರೆ ಆ ನಾಲ್ಕರ ಒಟ್ಟು ಗುರುತ್ವ ಕೇಂದ್ರ ಮೂರನೆಯದರ ಆಧಾರದ ಮೇಲೆಯೇ ಇರಬೇಕು. ಒಂದು ಕಡೆ ಈ ನಿಯಮ ತಪ್ಪಿದರೆ ಅಲ್ಲಿಂದ ಮೇಲಿನದೆಲ್ಲ ಕುಸಿಯುತ್ತದೆ, ಕೆಳಗಿನದು ಉಳಿಯುತ್ತದೆ.

ಆಧಾರವೆಂದರೆ ಕಲ್ಲಿನ ಪೂರ್ತಿ ಅಗಲವಲ್ಲ. ಒರಟು ಕಲ್ಲುಗಳು ಒಂದನ್ನೊಂದು ಕೆಲವೇ ಬಿಂದುಗಳಲ್ಲಿ ಮುಟ್ಟುತ್ತವೆ. ಆ ಬಿಂದುಗಳನ್ನು ಸೇರಿಸಿದರೆ ಆಗುವ ತ್ರಿಕೋನ ಅಥವಾ ಬಹುಭುಜವೇ ನಿಜವಾದ ಆಧಾರ. ನಡುವೆ ಸಿಕ್ಕ ಒಂದು ಹರಳು ಈ ಆಧಾರವನ್ನು ಕಿರಿದುಗೊಳಿಸಬಲ್ಲದು. ಕಲ್ಲಿಡುವ ಮುನ್ನ ಬೆರಳಿನಿಂದ ಮಣ್ಣು ಒರೆಸುವ ಅಭ್ಯಾಸಕ್ಕೆ ಇದೇ ಕಾರಣ.

ಒಂದೇ ಅಳತೆಯ ಇಟ್ಟಿಗೆಗಳನ್ನು ಎಚ್ಚರದಿಂದ ಹೊರಚಾಚಿ ಪೇರಿಸುತ್ತ ಹೋದರೆ ಎಷ್ಟು ದೂರ ಚಾಚಬಹುದು ಎಂಬ ಹಳೆಯ ಗಣಿತದ ಸಮಸ್ಯೆಯೊಂದಿದೆ. ಮೇಲಿನ ಇಟ್ಟಿಗೆ ತನ್ನ ಉದ್ದದ ಅರ್ಧ, ಅದರ ಕೆಳಗಿನದು ಕಾಲು ಭಾಗ, ಮುಂದಿನವು ಆರನೆಯ ಒಂದು, ಎಂಟನೆಯ ಒಂದು ಭಾಗ ಹೀಗೆ ಚಾಚಬಹುದು. ಇವನ್ನು ಕೂಡಿದರೆ ಐದೇ ಇಟ್ಟಿಗೆಗಳಲ್ಲಿ ಮೇಲಿನದು ತಳದ ಇಟ್ಟಿಗೆಯನ್ನು ಪೂರ್ತಿ ದಾಟಿ ನಿಲ್ಲುತ್ತದೆ! ಕಾಗದದ ಮೇಲೆ ಇದು ಸೊಗಸಾದ ಲೆಕ್ಕ. ಆದರೆ ಅಂಥ ರಚನೆ ಉಸಿರು ತಾಗಿದರೂ ಬೀಳುವಂಥದು. ಲಗೋರಿ ಆಡುವವನಿಗೆ ಬೇಕಾದದ್ದು ಇದಕ್ಕೆ ತದ್ವಿರುದ್ಧ.

ತಳದ ಅಗಲ ಎಷ್ಟು ಮುಖ್ಯವೆಂಬುದನ್ನು ಲೆಕ್ಕದಿಂದ ಕಾಣಬಹುದು. ಎರಡೂವರೆ ಸೆಂಟಿಮೀಟರ್ ದಪ್ಪದ ಏಳು ಕಲ್ಲುಗಳ ಎತ್ತರ 17.5 ಸೆಂ.ಮೀ. ಎಲ್ಲವೂ 10 ಸೆಂ.ಮೀ. ಅಗಲವಾಗಿದ್ದು ಗೋಪುರ ಒಂದೇ ತುಂಡಿನಂತೆ ವಾಲುತ್ತದೆ ಎಂದುಕೊಂಡರೆ, ಅದು ಉರುಳಲು ಸುಮಾರು 30 ಡಿಗ್ರಿ ವಾಲಬೇಕು. ಅಗಲ 5 ಸೆಂ.ಮೀ. ಮಾತ್ರವಾದರೆ 16 ಡಿಗ್ರಿ ಸಾಕು. ದೊಡ್ಡದನ್ನು ಕೆಳಗಿಟ್ಟಾಗ ತಳ ಅಗಲವಾಗುವುದಲ್ಲದೆ ಗುರುತ್ವ ಕೇಂದ್ರವೂ ಕೆಳಗಿಳಿಯುತ್ತದೆ. ಲಾಭ ಎರಡು ಕಡೆಯಿಂದ.

ಹೊಡೆತದ ಲೆಕ್ಕ

ಗೋಪುರದ ಬುಡಕ್ಕೆ ಬಲವಾಗಿ ಹೊಡೆಯುವುದು ಹೊಸಬರ ಅಭ್ಯಾಸ. ಇದರಿಂದ ಎರಡು ನಷ್ಟಗಳಿವೆ. ಮೊದಲನೆಯದು ಘರ್ಷಣೆ. ಏಳೂ ಕಲ್ಲುಗಳ ತೂಕ ಒಂದೇ ಎಂದಿಟ್ಟುಕೊಂಡರೆ, ಎಲ್ಲಕ್ಕಿಂತ ಮೇಲಿನದನ್ನು ಜರುಗಿಸಲು ಅದರ ಅಡಿಯ ಘರ್ಷಣೆಯನ್ನಷ್ಟೇ ಮೀರಬೇಕು. ಅದರ ಕೆಳಗಿನದಕ್ಕೆ ಮೇಲೂ ಕೆಳಗೂ ಘರ್ಷಣೆ ಇರುವುದರಿಂದ ಮೂರು ಪಟ್ಟು ಬಲ ಬೇಕು. ಹೀಗೆ ಐದು, ಏಳು ಎಂದು ಏರುತ್ತ ಅಡಿಗಲ್ಲಿಗೆ ಬರುವಷ್ಟರಲ್ಲಿ ಹದಿಮೂರು ಪಟ್ಟಾಗುತ್ತದೆ. ಅಡಿಗಲ್ಲು ಹೆಚ್ಚು ಭಾರವಾಗಿರುವುದರಿಂದ ನಿಜದಲ್ಲಿ ಇನ್ನೂ ಹೆಚ್ಚು.

ಎರಡನೆಯದು ಸಂವೇಗ. ಭಾರವಾದ ರಾಶಿಗೆ ಬಡಿದ ಚೆಂಡು ತನ್ನ ವೇಗವನ್ನು ಕಳೆದುಕೊಂಡು ಅಲ್ಲಿಯೇ ಬೀಳುತ್ತದೆ, ಇಲ್ಲವೇ ಹಿಂದಕ್ಕೆ ಪುಟಿಯುತ್ತದೆ. ಎದುರಾಳಿಗೆ ಬೇಕಾದದ್ದೂ ಅದೇ. ಕಲ್ಲುಗಳು ಚೆದುರಿ, ಚೆಂಡು ಹತ್ತಿರವೇ ಉಳಿದರೆ ಹೊಡೆದ ತಂಡದ ಕೆಲಸ ಕಷ್ಟ. ಮೇಲಿನ ಒಂದೆರಡು ಕಲ್ಲುಗಳನ್ನು ಸವರಿ ಹೋಗುವ ಚೆಂಡಾದರೋ ತನ್ನ ವೇಗದ ಬಹುಪಾಲನ್ನು ಉಳಿಸಿಕೊಂಡು ದೂರಕ್ಕೆ ಹೋಗುತ್ತದೆ. ಬಿದ್ದದ್ದು ಎರಡೇ ಕಲ್ಲು, ಚೆಂಡು ಮೂವತ್ತು ಹೆಜ್ಜೆ ಆಚೆ! ಒಂದೇ ಕಲ್ಲು ಬಿದ್ದರೂ ಆಟ ಶುರುವಾಗುತ್ತದೆ ಎಂಬ ನಿಯಮವಿರುವಲ್ಲಿ ಇದಕ್ಕಿಂತ ಒಳ್ಳೆಯ ಹೊಡೆತವಿಲ್ಲ. ಗುರಿ ಕಿರಿದಾದ್ದರಿಂದ ತಪ್ಪುವ ಸಂಭವವೂ ಹೆಚ್ಚು. ಆದ್ದರಿಂದ ಮೊದಲ ಎರಡು ಎಸೆತಗಳನ್ನು ಮೇಲಕ್ಕೆ ಗುರಿಯಿಟ್ಟು, ಅವು ತಪ್ಪಿದರೆ ಮೂರನೆಯದನ್ನು ಗೋಪುರದ ನಡುವಿಗೆ ಹೊಡೆಯುವುದು ಜಾಣತನ.

ಎನ್‌ಸಿಇಆರ್‌ಟಿಯ ಒಂಬತ್ತನೆಯ ತರಗತಿಯ ವಿಜ್ಞಾನ ಪಠ್ಯದಲ್ಲಿ ಬಹುಕಾಲ ಇದ್ದ ಒಂದು ಚಟುವಟಿಕೆ ಇಲ್ಲಿ ನೆನೆಯತಕ್ಕದ್ದು. ಕೇರಂ ಬಿಲ್ಲೆಗಳನ್ನು ಪೇರಿಸಿ ತಳದ ಬಿಲ್ಲೆಗೆ ವೇಗವಾಗಿ ಹೊಡೆದರೆ ಅದೊಂದೇ ಹೊರಗೆ ಜಾರುತ್ತದೆ, ಉಳಿದವು ಜಡತ್ವದಿಂದಾಗಿ ನೇರ ಕೆಳಗಿಳಿದು ನಿಲ್ಲುತ್ತವೆ. ಲಗೋರಿಯಲ್ಲಿ ಇಷ್ಟು ಚೊಕ್ಕಟವಾಗಿ ಆಗುವುದು ಅಪರೂಪ. ಕಲ್ಲು ಬಿಲ್ಲೆಯಷ್ಟು ನುಣುಪಲ್ಲ. ಆದರೂ ನಡುವಿಗೆ ಬಿದ್ದ ಚುರುಕಾದ ಏಟಿಗೆ ಒಂದು ಕಲ್ಲು ಮಾತ್ರ ಹಾರಿ ಮೇಲಿನವು ಬುಡದಲ್ಲಿಯೇ ಬೀಳುವುದಕ್ಕೆ ಕಾರಣ ಇದೇ.

ಮರಳಿ ಪೇರಿಸುವುದು

ಆಟದ ತಿರುಳು ಇಲ್ಲಿದೆ. ಚೆಂಡು ಎದುರಾಳಿಯ ಕೈ ಸೇರಿದಾಗ ಪೇರಿಸುತ್ತಿರುವವನು ಎದ್ದು ಓಡಲೇಬೇಕು. ಚೆಂಡು ಗುರಿತಪ್ಪಿ ದೂರ ಹೋದಾಗ ಮರಳಿ ಬರಬೇಕು. ಅಂದರೆ ಗೋಪುರವನ್ನು ಒಂದೇ ಸಲಕ್ಕೆ ಮುಗಿಸಲು ಸಾಧ್ಯವಾಗುವುದು ಕಡಿಮೆ. ಮೂರು ಕಲ್ಲಿನಲ್ಲಿ ಬಿಟ್ಟರೂ, ಐದರಲ್ಲಿ ಬಿಟ್ಟರೂ ಅದು ತಾನಾಗಿ ನಿಂತಿರಬೇಕು. ಕೈ ಆಸರೆಯಿಂದ ಮಾತ್ರ ನಿಲ್ಲುವ ಗೋಪುರವನ್ನು ಎಷ್ಟು ಬೇಗ ಕಟ್ಟಿದರೂ ವ್ಯರ್ಥ. ಅವಸರದಲ್ಲಿ ವಾರೆಯಾಗಿಟ್ಟ ಎರಡನೆಯ ಕಲ್ಲಿನ ಬೆಲೆಯನ್ನು ಆರನೆಯ ಕಲ್ಲಿನಲ್ಲಿ ತೆರಬೇಕಾಗುತ್ತದೆ, ಆಗ ಕೆಡವಿ ಮತ್ತೆ ಕಟ್ಟುವಷ್ಟು ವೇಳೆ ಇರುವುದಿಲ್ಲ.

ಮೊದಲು ನೋಡಬೇಕಾದದ್ದು ನೆಲ. ಈ ಸೀಮೆಯ ಎರೆಮಣ್ಣು ಬೇಸಿಗೆಯಲ್ಲಿ ಬಿರಿಯುತ್ತದೆ, ನೀರು ಬಿದ್ದರೆ ಮೆತ್ತಗಾಗುತ್ತದೆ. ಬಿರುಕಿನ ಅಂಚಿಗೆ ಇಟ್ಟ ಅಡಿಗಲ್ಲು ಕುಂಟುತ್ತದೆ. ಆಟಕ್ಕೆ ಮುಂಚೆ ವೃತ್ತದೊಳಗಿನ ನೆಲವನ್ನು ತಟ್ಟಿ ಸಮಮಾಡಿಕೊಳ್ಳಬೇಕು. ಗೋಪುರ ಬಿದ್ದ ಮೇಲೂ ಅಡಿಗಲ್ಲು ಕದಲದೆ ಉಳಿದಿದ್ದರೆ ಅದನ್ನು ಮುಟ್ಟದಿರುವುದೇ ಲೇಸು. ಅದು ಸಿಡಿದು ಹೋಗಿದ್ದರೆ ಬೇರೆಲ್ಲವನ್ನೂ ಬಿಟ್ಟು ಮೊದಲು ಅದನ್ನು ತರಬೇಕು. ಹತ್ತಿರ ಸಿಕ್ಕಿತೆಂದು ಸಣ್ಣ ಕಲ್ಲಿನ ಮೇಲೆ ದೊಡ್ಡದನ್ನು ಹೇರಿದರೆ ಉಳಿಸಿದ ನಾಲ್ಕು ಕ್ಷಣಗಳು ಕೊನೆಯಲ್ಲಿ ಕೈಕೊಡುತ್ತವೆ.

ಕಲ್ಲನ್ನು ಮೇಲಿನಿಂದ ಹಾಕಬಾರದು, ಪಕ್ಕದಿಂದ ತಳ್ಳಲೂಬಾರದು. ಕೆಳಗಿನ ಕಲ್ಲಿಗೆ ಮುಟ್ಟಿಸಿ, ತುಸು ತಿರುಗಿಸಿ, ಅದು ಕುಂಟದೆ ಕೂರುವ ನೆಲೆ ಸಿಕ್ಕಿದ ಮೇಲೆ ಕೈ ಬಿಡಬೇಕು. ತಿರುಗಿಸುವುದೆಂದರೆ ಮುಟ್ಟುವ ಬಿಂದುಗಳನ್ನು ಹುಡುಕುವುದೇ ಆಗಿದೆ. ಗೋಪುರ ಬಲಕ್ಕೆ ವಾಲಿದ್ದರೆ ಮುಂದಿನ ಕಲ್ಲನ್ನು ಸ್ವಲ್ಪ ಎಡಕ್ಕೆ ಇಡಬೇಕು; ಒಟ್ಟು ಗುರುತ್ವ ಕೇಂದ್ರ ತಳದ ನಡುವಿಗೆ ಮರಳುತ್ತದೆ. ಆದರೆ ಈ ಉಪಾಯಕ್ಕೆ ಮಿತಿಯಿದೆ. ಕಲ್ಲು ತನ್ನ ಅಡಿಯ ಕಲ್ಲಿನ ಮೇಲೂ ನಿಲ್ಲಬೇಕಾದ್ದರಿಂದ ಒಂದೇ ಕಲ್ಲಿನಿಂದ ಪೂರ್ತಿ ತಿದ್ದಲು ಹೊರಟರೆ ಅದೇ ಜಾರುತ್ತದೆ. ಎರಡು ಮೂರು ಕಲ್ಲುಗಳಲ್ಲಿ ಹಂಚಿ ತಿದ್ದುವುದು ಸರಿಯಾದ ಕ್ರಮ.

ತಂಡದ ಎಲ್ಲರೂ ಗೋಪುರಕ್ಕೆ ಮುತ್ತಿಕೊಳ್ಳುವುದು ಸಾಮಾನ್ಯವಾದ ತಪ್ಪು. ಗುಂಪಿಗೆ ಗುರಿಯಿಡುವುದು ಎಲ್ಲಕ್ಕಿಂತ ಸುಲಭ. ಕೈ ನಿಧಾನವಾಗಿರುವ ಒಬ್ಬರು ಪೇರಿಸಲಿ, ಮತ್ತೊಬ್ಬರು ಕಲ್ಲನ್ನು ಗಾತ್ರದ ಸರದಿಯಂತೆ ಒದಗಿಸಲಿ, ಉಳಿದವರು ಚೆಂಡಿನವರ ಕಣ್ಣ ಮುಂದೆ ಓಡಾಡಿ ಅವರನ್ನು ಸೆಳೆಯಲಿ. ಪೇರಿಸುವವರು ಚೆಂಡಿರುವ ದಿಕ್ಕಿಗೆ ಬೆನ್ನು ಹಾಕಿ ಕೂರಬಾರದು.

ಕಾಯುವ ತಂಡ

ಕಾಯುವವರಲ್ಲಿ ಹೆಚ್ಚಿನವರು ಗೋಪುರದ ಹಿಂಬದಿಯಲ್ಲಿ, ಎಸೆಯುವವನಿಗೆ ಎದುರಾಗಿ ನಿಲ್ಲಬೇಕು. ಸವರಿ ಹೋದ ಚೆಂಡು ಅತ್ತಲೇ ಬರುತ್ತದೆ. ಒಬ್ಬರು ಮಾತ್ರ ಗೋಪುರದ ಹತ್ತಿರವಿದ್ದರೆ ಸಾಕು. ದೂರದಿಂದ ಗುರಿಯಿಟ್ಟು ಎಸೆದು ಚೆಂಡು ಕಳೆದುಕೊಳ್ಳುವುದಕ್ಕಿಂತ ಹತ್ತಿರದವರಿಗೆ ದಾಟಿಸುವುದು ಮೇಲು. ತಪ್ಪಿದ ಪ್ರತಿ ಎಸೆತವೂ ಎದುರಾಳಿಗೆ ಎರಡು ಕಲ್ಲು ಇಡುವಷ್ಟು ಸಮಯ ಕೊಡುತ್ತದೆ.

ಇದೇ ತತ್ತ್ವದ ಇತರ ಆಟಗಳು

ಪೇರಿಸುವ ಮತ್ತು ಕೆಡಹುವ ಕುತೂಹಲವನ್ನೇ ಆಧರಿಸಿದ ಆಟಗಳು ಬೇರೆಯೂ ಇವೆ. ಲೆಸ್ಲಿ ಸ್ಕಾಟ್ ಅವರು 1983ರಲ್ಲಿ ಲಂಡನ್ನಿನ ಆಟಿಕೆ ಮೇಳದಲ್ಲಿ ಪರಿಚಯಿಸಿದ ಜೆಂಗಾದಲ್ಲಿ 54 ಮರದ ತುಂಡುಗಳನ್ನು 18 ಸಾಲುಗಳಲ್ಲಿ ಜೋಡಿಸಿ, ಕೆಳಗಿನಿಂದ ಒಂದೊಂದನ್ನೇ ಎಳೆದು ಮೇಲಿಡುತ್ತಾರೆ. ಸ್ವಾಹಿಲಿ ಭಾಷೆಯಲ್ಲಿ ಕಟ್ಟು ಎಂಬ ಅರ್ಥದ ಪದದಿಂದ ಅದರ ಹೆಸರು ಬಂದಿದೆ. ಮೊಬೈಲಿನ ಟವರ್ ಬ್ಲಾಕ್ಸ್ ಆಟದಲ್ಲಿ ಮಹಡಿಗಳು ವಾರೆಯಾಗಿ ಬಿದ್ದಷ್ಟೂ ಕಟ್ಟಡದ ತೂಗಾಟ ಹೆಚ್ಚುತ್ತದೆ. ಆಟದ ಅಂಗಡಿಗಳ ಸ್ಟ್ಯಾಕರ್ ಯಂತ್ರದಲ್ಲಾದರೆ ಹೊರಚಾಚಿದ ಭಾಗ ಕಳಚಿಹೋಗಿ ಮುಂದಿನ ಸಾಲು ಕಿರಿದಾಗುತ್ತದೆ. ಅಲ್ಲಿ ವಾಲುವಿಕೆಯನ್ನು ತಿದ್ದುವ ಅವಕಾಶವೇ ಇಲ್ಲ. 2009ರ ಆ್ಯಂಗ್ರಿ ಬರ್ಡ್ಸ್ ಆಟದಲ್ಲಿ ಹಕ್ಕಿಗಳನ್ನು ಎಸೆದು ರಚನೆಗಳನ್ನು ಕೆಡವಬೇಕು. ಬೀಳುವ ತುಂಡುಗಳ ಚಲನೆಯನ್ನು ಬಾಕ್ಸ್ 2ಡಿ ಎಂಬ ತಂತ್ರಾಂಶ ಲೆಕ್ಕಹಾಕುತ್ತದೆ. ಇವುಗಳಲ್ಲಿ ಯಾವುದರಲ್ಲಿಯೂ ಕಟ್ಟುವವನ ಬೆನ್ನಿಗೆ ಚೆಂಡು ಬರುವುದಿಲ್ಲ.