ಲೋಕಕ್ಕೇ ಬೋರು ಕೊರೆದವರು

ನಮ್ಮೂರಲ್ಲಿ ಬೋರು ಕೊರೆಸುವ ದಿನ ಅಂದರೆ ಹಬ್ಬ ಇದ್ದ ಹಾಗೆ. ಅಂಗೈ ಮೇಲೆ ತೆಂಗಿನಕಾಯಿ ಇಟ್ಟುಕೊಂಡು ನೀರು ನೋಡುವವರು ಬಂದು ಜಾಗ ತೋರಿಸುತ್ತಾರೆ, ರಾತ್ರಿ ಲಾರಿ ಬರುತ್ತೆ, ಬೆಳಗಿನ ತನಕ ಯಾರಿಗೂ ನಿದ್ದೆ ಇಲ್ಲ. ಐನೂರು ಅಡಿಗೂ ಬರೀ ಧೂಳು ಬಂದರೆ, "ಇನ್ನೊಂದು ಐವತ್ತು ಅಡಿ ಹೋಗಲಿ ಬಿಡಿ" ಅನ್ನುವವರು ಒಬ್ಬರಾದರೂ ಇರುತ್ತಾರೆ. ಇದನ್ನೆಲ್ಲ ಯಾಕೆ ಹೇಳುತ್ತಿದ್ದೀನಿ ಅಂದರೆ, ಇವತ್ತು ಬರೆಯಹೊರಟ ಚರಿತ್ರೆಯಲ್ಲೂ ಒಂದು ಬೋರು ಇದೆ. ಹೆಸರೂ ಅದೇ, 'ದಿ ಬೋರ್'. ಕೊರೆದದ್ದು ಮಾತ್ರ ನೆಲವನ್ನಲ್ಲ, ಲೋಕವನ್ನೇ!

ರಾಬರ್ಟ್ ಜೋರ್ಡನ್ನರ 'ದಿ ವೀಲ್ ಆಫ್ ಟೈಮ್' ಕಾದಂಬರಿಗಳ ಮಾತಿದು. ಮೊದಲನೆಯದು ಬಂದದ್ದು 1990ರಲ್ಲಿ. 2007ರಲ್ಲಿ ಜೋರ್ಡನ್ ತೀರಿಕೊಂಡ ಮೇಲೆ ಕೊನೆಯ ಮೂರನ್ನು ಬ್ರಾಂಡನ್ ಸ್ಯಾಂಡರ್ಸನ್ ಬರೆದರು. 2013ಕ್ಕೆ ಹದಿನಾಲ್ಕು ಸಂಪುಟ ಮುಗಿಯಿತು. (ಓದಬೇಕು ಅಂತಿರುವವರು ಇಲ್ಲೇ ನಿಲ್ಲಿಸಿ, ಮುಂದೆ ಕೊನೆಯನ್ನೂ ಹೇಳಿಬಿಟ್ಟಿದ್ದೇನೆ. ಆಮೇಲೆ ಬೈಯಬೇಡಿ :) )

ಆ ಲೋಕದಲ್ಲಿ ಕಾಲ ಅನ್ನುವುದು ಏಳು ಯುಗಗಳ ಚಕ್ರ. ಸುತ್ತು ಮುಗಿದರೆ ಮತ್ತೆ ಮೊದಲಿಂದ. ಸಂಕಲ್ಪದಲ್ಲಿ ಯುಗ, ಪಾದ ಎಲ್ಲ ಹೇಳಿಸಿಕೊಂಡು ಬೆಳೆದ ನಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಚಕ್ರ ತಿರುಗುತ್ತಾ ಜನರ ಬದುಕುಗಳನ್ನು ಎಳೆಗಳಾಗಿ ನೇಯುತ್ತದೆ, ಆ ನೇಯ್ಗೆಯೇ ಲೋಕ. ಚಕ್ರವನ್ನು ತಿರುಗಿಸುವ ಶಕ್ತಿಗೆ ಎರಡು ಅರ್ಧ: ಗಂಡಸರು ಬಳಸುವುದು ಸೈದಿನ್, ಹೆಂಗಸರದು ಸೈದಾರ್. ಒಬ್ಬರದು ಇನ್ನೊಬ್ಬರಿಗೆ ಸಿಗುವುದಿಲ್ಲ. ಅದನ್ನು ಬಳಸಬಲ್ಲವರು ಏಸ್ ಸೆಡಾಯ್.

ರೋಗ, ಯುದ್ಧ ಯಾವುದೂ ಇಲ್ಲದ ಸುಖದ ಯುಗ ಅದು. ಮಿಯೆರಿನ್ ಎಂಬ ಸಂಶೋಧಕಿ ಮತ್ತು ಬೈಡೋಮನ್ ಎಂಬಾತನ ತಂಡಕ್ಕೆ ಒಂದು ಕಡೆ ಲೋಕದ ನೇಯ್ಗೆ ತೆಳುವಾಗಿರುವುದು ಗೊತ್ತಾಗುತ್ತದೆ. ಆಚೆ ಕಡೆ ಹೊಸದೊಂದು ಶಕ್ತಿ, ಗಂಡಸು ಹೆಂಗಸು ಇಬ್ಬರೂ ಬಳಸಬಹುದಾದದ್ದು! ಕೊರೆದರು. ಆಚೆ ಇದ್ದದ್ದು ಸೃಷ್ಟಿಯ ಹೊತ್ತಿನಲ್ಲೇ ಸೆರೆ ಹಾಕಿದ್ದ ಡಾರ್ಕ್ ಒನ್. ಇವರ ಸಂಶೋಧನಾಲಯ ಗಾಳಿಯಲ್ಲಿ ತೇಲುತ್ತಿದ್ದ ದೊಡ್ಡ ಬಿಳಿ ಗೋಳ, ಅದು ಒಡೆದು ಬಿತ್ತು.

ಜೋರ್ಡನ್ ಭೌತಶಾಸ್ತ್ರ ಓದಿದವರು, ಅಮೆರಿಕದ ನೌಕಾಪಡೆಗೆ ಪರಮಾಣು ಇಂಜಿನಿಯರಾಗಿ ಕೆಲಸ ಮಾಡಿದವರು. ಅದಕ್ಕೇ ಇರಬೇಕು, ಇಲ್ಲಿ ತೂತು ಕೊರೆದವರು ಮಾಟಗಾರರಲ್ಲ, ದುಷ್ಟರೂ ಅಲ್ಲ. ಒಳ್ಳೆಯ ಉದ್ದೇಶದ ಸಂಶೋಧಕರು. (ಮಿಯೆರಿನ್ ಆಮೇಲೆ ಲ್ಯಾನ್‌ಫಿಯರ್ ಅಂತ ಹೆಸರು ಬದಲಿಸಿಕೊಂಡು ಡಾರ್ಕ್ ಒನ್ ಕಡೆ ಸೇರಿಕೊಂಡಳು, ಆ ಕಥೆ ಬೇರೆ.)

ತೂತು ಬಿದ್ದ ಮರುದಿನವೇ ಪ್ರಳಯ ಆಗಲಿಲ್ಲ. ಸುಮಾರು ನೂರು ವರ್ಷ ಸಮಾಜ ನಿಧಾನಕ್ಕೆ ಕೊಳೆಯಿತು, ಆಮೇಲೆ ಹತ್ತು ವರ್ಷ ಯುದ್ಧ. ಸೋಲು ಹತ್ತಿರವಾದಾಗ ಮುಂದೆ ಎರಡು ಯೋಜನೆಗಳಿದ್ದವು. ನನಗೆ ಈ ಚರಿತ್ರೆಯಲ್ಲಿ ಎಲ್ಲಕ್ಕಿಂತ ಇಷ್ಟವಾದ ಭಾಗ ಇದು. ಲ್ಯೂಸ್ ಥೆರಿನ್ ಹೇಳಿದ್ದು, ಗಂಡಸರು ಹೆಂಗಸರು ಸೇರಿ ನೇರ ತೂತಿನ ಬಾಯಿಗೇ ಹೋಗಿ ಏಳು ಮುದ್ರೆ ಹಾಕಿ ಮುಚ್ಚೋಣ ಅಂತ. ಲಾಟ್ರಾ ಪೊಸೇ ಎಂಬಾಕೆ ಒಪ್ಪಲಿಲ್ಲ. ಮುದ್ರೆ ಒಂಚೂರು ಆಚೀಚೆ ಕೂತರೂ ತೂತು ಇನ್ನಷ್ಟು ಹರಿದುಕೊಳ್ಳುತ್ತದೆ, ಅದರ ಬದಲು ದೊಡ್ಡ ಎರಡು ಯಂತ್ರ ಕಟ್ಟಿ ದೂರದಿಂದಲೇ ಬೇಲಿ ಹಾಕೋಣ ಅಂದಳು. ಹೆಂಗಸರೆಲ್ಲ ಆಕೆಯ ಕಡೆ ನಿಂತರು. ಯಂತ್ರಗಳೇನೋ ಸಿದ್ಧವಾದವು, ಆದರೆ ಅವನ್ನು ನಡೆಸುವ ಕೀಲಿಗಳು ಶತ್ರು ಹಿಡಿದ ಪ್ರದೇಶದಲ್ಲಿ ಸಿಕ್ಕಿಕೊಂಡವು.

ಕೊನೆಗೆ ಲ್ಯೂಸ್ ಥೆರಿನ್ ಗಂಡಸರನ್ನು ಮಾತ್ರ ಕರೆದುಕೊಂಡು ಹೊರಟ. 'ನೂರು ಸಂಗಾತಿಗಳು' ಅನ್ನುತ್ತಾರೆ, ಎಣಿಸಿದರೆ 113 ಜನ. ಜೊತೆಗೆ ಹತ್ತು ಸಾವಿರ ಸೈನಿಕರು. ಮುದ್ರೆ ಬಿತ್ತು, ತೂತು ಮುಚ್ಚಿತು. ಮುಚ್ಚುವ ಆ ಗಳಿಗೆಯಲ್ಲೇ ಆಚೆಯಿಂದ ಬಂದ ಏಟಿಗೆ ಸೈದಿನ್ ಪೂರ್ತಿ ವಿಷವಾಯಿತು. ಬದುಕುಳಿದ 68 ಸಂಗಾತಿಗಳಿಗೂ ಅಲ್ಲೇ ಹುಚ್ಚು ಹಿಡಿಯಿತು. ಮುಂದೆ ಶಕ್ತಿ ಬಳಸುವ ಗಂಡಸರೆಲ್ಲ ಹುಚ್ಚರಾಗಿ, ಬೆಟ್ಟ ಸಮುದ್ರಗಳನ್ನೇ ಅದಲುಬದಲು ಮಾಡಿ ನಾಗರಿಕತೆಯನ್ನು ನೆಲಸಮ ಮಾಡಿದರು.

ಹೆಂಗಸರು ಬಂದಿದ್ದರೆ ಕೆಲಸ ಸರಿಯಾಗಿ ಆಗುತ್ತಿತ್ತೋ, ಇಲ್ಲಾ ಸೈದಾರ್ ಕೂಡ ವಿಷವಾಗಿ ಲೋಕ ಕಟ್ಟಲು ಏನೂ ಉಳಿಯುತ್ತಿರಲಿಲ್ಲವೋ? ಮೊದಲ ಸಲ ಓದಿದಾಗ ಲಾಟ್ರಾ ಮೇಲೆ ಭಯಂಕರ ಸಿಟ್ಟು ಬಂದಿತ್ತು. ಆಮೇಲೊಮ್ಮೆ ನಾನಿದ್ದ ಒಂದು ಪ್ರಾಜೆಕ್ಟಿನಲ್ಲಿ, ರಾತ್ರಿ ಎರಡು ಗಂಟೆಗೆ ನಾನು ಬರೆದ ಪ್ಯಾಚನ್ನು ಎಲ್ಲಾ ಸರ್ವರಿಗೂ ಹಾಕಲು ಸಹೋದ್ಯೋಗಿಯೊಬ್ಬರು ಒಪ್ಪಲಿಲ್ಲ. ಅರ್ಧಕ್ಕೆ ಮಾತ್ರ ಹಾಕಿದೆವು. ಬೆಳಿಗ್ಗೆ ನಡೆಯುತ್ತಿದ್ದದ್ದು ಅವರು ಮುಟ್ಟಲು ಬಿಡದ ಅರ್ಧ ಮಾತ್ರ. ಮೀಟಿಂಗಿನಲ್ಲಿ "ಮೇಡಂ ಹಠದಿಂದ ತಡವಾಯಿತು" ಅಂದವರಲ್ಲಿ ನಾನೂ ಒಬ್ಬ. ಅವರು ಕೆಲಸ ಬಿಟ್ಟು ಹೋಗುವ ತನಕ ಅದನ್ನು ಸರಿಪಡಿಸುವ ಮಾತು ನನ್ನ ಬಾಯಿಂದ ಬರಲಿಲ್ಲ.

ಆ ಏಳು ಮುದ್ರೆಗಳನ್ನು ಮಾಡಿದ್ದು ಕ್ವೆಂಡಿಲ್ಲಾರ್ ಎಂಬ ವಸ್ತುವಿನಿಂದ. ಯಾವುದರಿಂದಲೂ ಒಡೆಯದ್ದು ಅಂತ ಖ್ಯಾತಿ. ಮೂರು ಸಾವಿರ ವರ್ಷದ ಮೇಲೆ ಅದೂ ಪುಡಿಯಾಗಿ ಉದುರತೊಡಗುತ್ತದೆ. ತಾತ್ಕಾಲಿಕ ಅಂತ ಹಾಕಿದ ತೇಪೆ ಅಷ್ಟು ದಿನ ಬಾಳಿದ್ದೇ ದೊಡ್ಡದು ಬಿಡಿ!

ಕೊನೆಯ ಸಂಪುಟದಲ್ಲಿ ಲ್ಯೂಸ್ ಥೆರಿನ್ನನ ಮರುಹುಟ್ಟಾದ ರ್‍ಯಾಂಡ್ ಅದೇ ಬೋರಿನ ಬಾಯಿಗೆ ಹೋಗುತ್ತಾನೆ. ಈ ಸಲ ಜೊತೆಗೆ ಇಬ್ಬರು ಹೆಂಗಸರು, ನೈನೀವ್ ಮತ್ತು ಮೊಯ್ರೇನ್. ಸೈದಿನ್, ಸೈದಾರ್ ಎರಡನ್ನೂ ಹೆಣೆದು, ವಿಷ ತಾಗದ ಹಾಗೆ ಡಾರ್ಕ್ ಒನ್‌ನ ಶಕ್ತಿಯನ್ನೇ ಅವುಗಳ ಸುತ್ತ ಕವಚ ಮಾಡಿ ಮುಚ್ಚುತ್ತಾನೆ. ತೇಪೆಯಲ್ಲ, ತೂತು ಬಿದ್ದೇ ಇರಲಿಲ್ಲ ಅನ್ನುವ ಹಾಗೆ. ಡಾರ್ಕ್ ಒನ್‌ನನ್ನು ಕೊಲ್ಲುವ ಅವಕಾಶ ಇದ್ದರೂ ಕೊಲ್ಲುವುದಿಲ್ಲ. ಕೆಡುಕನ್ನು ಆರಿಸುವ ದಾರಿಯೇ ಇಲ್ಲದ ಮನುಷ್ಯರು ಬರೀ ಗೊಂಬೆಗಳಾಗುತ್ತಾರೆ ಎಂದು ಅವನಿಗೆ ಕಂಡಿರುತ್ತದೆ.

ಹಾಗಾಗಿ ಸೆರೆ ಹಾಗೇ ಇದೆ, ಒಳಗೆ ಅವನೂ ಇದ್ದಾನೆ. ಚಕ್ರ ಇನ್ನೊಂದು ಸುತ್ತು ಬಂದಾಗ ಅದೇ ಜಾಗದಲ್ಲಿ ನೇಯ್ಗೆ ತೆಳುವಾಗಿರುತ್ತದೆ. ಇನ್ನೊಬ್ಬಳು ಮಿಯೆರಿನ್ ಅದನ್ನು ಕಂಡುಹಿಡಿಯುತ್ತಾಳೆ.