ಮೈಸೂರು ಸೀಮೆಯ ಕಾಲ್ಚೆಂಡಿನ ವಿಜಯಗಳು: ಒಂದು ಗಣನೆ

ಬೇಲೂರಿನ ಚೆನ್ನಕೇಶವ ದೇವಾಲಯವು ಕ್ರಿ. ಶ. ೧೧೧೭ರಲ್ಲಿ ಪ್ರತಿಷ್ಠಿತವಾದುದೆಂಬುದು ಸುಪ್ರಸಿದ್ಧವಾಗಿದೆ. ಅಲ್ಲಿನ ವಿಗ್ರಹಗಳ ಅಡಿಯಲ್ಲಿ ರೂವಾರಿಗಳು ತಮ್ಮ ಹೆಸರನ್ನೂ ಪ್ರತಿಸ್ಪರ್ಧಿಗಳನ್ನು ಜಯಿಸಿದವರೆಂಬ ಬಿರುದುಗಳನ್ನೂ ಕೊರೆದಿರುವುದಲ್ಲದೆ, ಕೆಲವರು ತಮ್ಮ ಊರನ್ನೂ ಹೇಳಿಕೊಂಡಿದ್ದಾರೆ. ದಾಸೋಜನೂ ಅವನ ಮಗ ಚಾವಣನೂ ಬಳ್ಳಿಗಾವೆಯವರು. ಆದುದರಿಂದ ಬೇಲೂರಿನ ಕೀರ್ತಿಯನ್ನು ಹೇಳುವವನು ಬಳ್ಳಿಗಾವೆಗೆ ಸಲ್ಲತಕ್ಕ ಭಾಗವನ್ನು ಸಲ್ಲಿಸದೆ ಇರಲಾರನು. ಕೆಲಸ ನಡೆದ ಊರು ಬೇರೆ, ಕೈ ಪಳಗಿದ ಊರು ಬೇರೆ. ಇತಿಹಾಸಕ್ಕೆ ಎರಡೂ ಬೇಕು.

ಊರಿನ ಹೆಸರು ಬದಲಾದಾಗ ಮತ್ತೊಂದು ತೊಡಕು ಉಂಟಾಗುತ್ತದೆ. ಬೇಲೂರಿಗೆ ಸಮೀಪದ ದೋರಸಮುದ್ರವು ೧೩೧೧ರಲ್ಲಿ ಮಲಿಕ್ ಕಾಫರನ ದಂಡಿಗೆ ತುತ್ತಾಗಿ, ಮುಂದೆ ಹಾಳುಬಿದ್ದು, ಹಳೆಯ ರಾಜಧಾನಿಯೆಂಬ ಅರ್ಥದಲ್ಲಿ ಹಳೇಬೀಡೆನಿಸಿತು. ಅರಸೀಕೆರೆಗೂ ಹೊಯ್ಸಳರ ಕಾಲದಲ್ಲಿ ಬಲ್ಲಾಳಪುರವೆಂಬ ನಾಮಾಂತರವಿದ್ದಿತು. ದೋರಸಮುದ್ರದ ಶಾಸನಗಳು ಹಳೇಬೀಡಿನವಲ್ಲವೆಂದು ವಾದಿಸುವವನನ್ನು ಯಾರೂ ಪಂಡಿತನೆಂದು ಕರೆಯುವುದಿಲ್ಲ. ಆದರೆ ಶಿಲಾಶಾಸನದ ವಿಷಯದಲ್ಲಿ ಯಾರೂ ಮಾಡದ ಈ ತಪ್ಪನ್ನು ಈಚಿನ ಕಾಲದ ಒಂದು ವಿಷಯದಲ್ಲಿ ಅನೇಕರು ಮಾಡುತ್ತಾರೆ. ಆ ವಿಷಯವು ಕಾಲ್ಚೆಂಡಾಟ.

ಭಾರತದ ಪ್ರಾಂತಗಳೂ ಸಂಸ್ಥಾನಗಳೂ ಕಾಲ್ಚೆಂಡಿನಲ್ಲಿ ಪರಸ್ಪರ ಸೆಣಸುವುದಕ್ಕಾಗಿ ೧೯೪೧ರಲ್ಲಿ ಒಂದು ಪಂದ್ಯಾವಳಿ ಆರಂಭವಾಯಿತು. ಅದರ ಬಹುಮಾನಕ್ಕೆ ಸಂತೋಷ್ ಟ್ರೋಫಿಯೆಂದು ಹೆಸರು. ಇಲ್ಲಿ ಸಂತೋಷವೆಂಬುದು ಹರ್ಷವಾಚಕವಲ್ಲ, ಸ್ಥಳವಾಚಕ. ಪೂರ್ವ ಬಂಗಾಳದ, ಈಗಿನ ಬಾಂಗ್ಲಾದೇಶದ ಟಾಂಗಾಯಿಲಿಗೆ ಸೇರಿದ ಸಂತೋಷವೆಂಬ ಸಂಸ್ಥಾನದ ಮಹಾರಾಜರಾಗಿದ್ದ ಸರ್ ಮನ್ಮಥನಾಥ ರಾಯ್ ಚೌಧುರಿಯವರು ಕಲ್ಕತ್ತೆಯ ಕಾಲ್ಚೆಂಡಿನ ಸಂಘಕ್ಕೆ ಅಧ್ಯಕ್ಷರಾಗಿದ್ದರು. ಅವರ ಸ್ಮಾರಕವಾಗಿ ಇದು ಸ್ಥಾಪಿತವಾಯಿತು. ಒಂದು ಊರಿನ ಹೆಸರು ಕೋಶದ ಅರ್ಥದಲ್ಲಿ ಮುಳುಗಿಹೋಗುವುದಕ್ಕೆ ಇದಕ್ಕಿಂತ ಬೇರೆ ದೃಷ್ಟಾಂತ ಬೇಕಿಲ್ಲ.

೧೯೪೧–೪೨ರ ಮೊದಲನೆಯ ಪಂದ್ಯಾವಳಿಯನ್ನು ಬಂಗಾಳವು ಗೆದ್ದಿತು. ಯುದ್ಧಕಾಲದಲ್ಲಿ ಎರಡು ವರ್ಷ ಆಟ ನಡೆಯಲಿಲ್ಲ. ೧೯೪೪–೪೫ರಲ್ಲಿ ದೆಹಲಿಗೂ ೧೯೪೫–೪೬ರಲ್ಲಿ ಪುನಃ ಬಂಗಾಳಕ್ಕೂ ಜಯವು ಲಭಿಸಿತು. ನಾಲ್ಕನೆಯದಾದ ೧೯೪೬–೪೭ರ ಪಂದ್ಯಾವಳಿಯು ಬೆಂಗಳೂರಿನಲ್ಲಿ ನಡೆದು, ಮೈಸೂರು ತಂಡವು ಅಂತಿಮ ಸ್ಪರ್ಧೆಯಲ್ಲಿ ಬಂಗಾಳವನ್ನೇ ಸೋಲಿಸಿತು. ದಕ್ಷಿಣ ದೇಶಕ್ಕೆ ಈ ಬಹುಮಾನ ಬಂದುದು ಅದೇ ಮೊದಲು.

ಈ ಋತುವಿನ ಕಾಲವನ್ನು ಇತಿಹಾಸಜ್ಞರು ಗಮನಿಸತಕ್ಕದ್ದು. ಆಗ ಮೈಸೂರು ಶ್ರೀ ಜಯಚಾಮರಾಜೇಂದ್ರ ಒಡೆಯರವರ ಸಂಸ್ಥಾನವಾಗಿದ್ದಿತು. ಬೆಂಗಳೂರು ಎರಡು ಭಾಗವಾಗಿದ್ದಿತು: ಪೇಟೆಯೂ ಅದಕ್ಕೆ ಸೇರಿದ ನಗರಭಾಗವೂ ಮಹಾರಾಜರ ಆಡಳಿತಕ್ಕೆ ಒಳಪಟ್ಟಿದ್ದವು, ೧೮೦೯ರಿಂದ ಬೆಳೆದ ದಂಡಿನ ಪ್ರದೇಶವು ಸಿವಿಲ್ ಅಂಡ್ ಮಿಲಿಟರಿ ಸ್ಟೇಷನ್ ಎಂಬ ಹೆಸರಿನಿಂದ ಬ್ರಿಟಿಷರ ಕೈಯಲ್ಲಿದ್ದಿತು. ಈ ಸ್ಟೇಷನ್ ಮೈಸೂರಿಗೆ ಹಿಂದಿರುಗಿದುದು ೧೯೪೭ನೆಯ ಜುಲೈ ೨೬ರಂದು. ಕಾಲ್ಚೆಂಡಾಟವಾದರೋ ಗೋರಾ ಪಲ್ಟಣಗಳಿಂದ ಕಲಿತ ಆಟ. ದಂಡಿನ ಮೈದಾನಗಳೇ ಅದಕ್ಕೆ ತವರು. ಹೀಗಿರುವಲ್ಲಿ ಬೆಂಗಳೂರಿನ ಆಟವೆಲ್ಲವೂ ‘ಮೈಸೂರು’ ಎಂಬ ಒಂದೇ ಹೆಸರಿನಲ್ಲಿ ಗೆದ್ದಿತೆಂಬುದು ಅಲ್ಪ ವಿಷಯವಲ್ಲ. ಆಡಳಿತವು ಬೇಲಿ ಹಾಕಿಟ್ಟಿದ್ದ ಊರನ್ನು ಪಂದ್ಯದ ಪಟ್ಟಿಯು ಅದಕ್ಕಿಂತ ಮೊದಲೇ ಒಂದೆಂದು ಬರೆದಿತ್ತು.

ಇದು ಅಕಸ್ಮಾತ್ತಾಗಿ ಬಂದ ಜಯವೂ ಅಲ್ಲ. ಮುಂಬಯಿಯ ರೋವರ್ಸ್ ಕಪ್ಪು ೧೮೯೧ರಲ್ಲಿ ಆರಂಭವಾದಂದಿನಿಂದ ಬಹುಕಾಲ ಗೋರಾ ಸೈನ್ಯದ ತಂಡಗಳ ಸ್ವತ್ತಿನಂತೆ ಇದ್ದಿತು. ೧೯೩೭ರಲ್ಲಿ ಅದನ್ನು ಗೆದ್ದ ಮೊದಲನೆಯ ಭಾರತೀಯ ತಂಡವು ಬೆಂಗಳೂರು ಮುಸ್ಲಿಮ್ಸ್. ಮರುವರ್ಷವೂ ಅದೇ ತಂಡವು ಗೆದ್ದಿತು. ಕಲ್ಕತ್ತೆಯ ಮೋಹನ ಬಾಗಾನ್ ತಂಡವು ೧೯೧೧ರಲ್ಲಿ ಬರಿಗಾಲಿನ ಆಟಗಾರರಿಂದ ಈಸ್ಟ್ ಯಾರ್ಕ್‌ಷೈರ್ ಪಲ್ಟಣವನ್ನು ಸೋಲಿಸಿದ ಕಥೆಯನ್ನು ಬಂಗಾಳದಲ್ಲಿ ಮಕ್ಕಳೂ ಬಲ್ಲರು. ೧೯೩೭ರ ಜಯವು ಅದಕ್ಕಿಂತ ಕಡಿಮೆಯದಲ್ಲ. ಆದರೆ ಕನ್ನಡ ನಾಡಿನಲ್ಲಿ ಎಷ್ಟು ಮಕ್ಕಳಿಗೆ ಅದು ತಿಳಿದಿದೆ? ಬಂಗಾಳಿಗಳು ತಮ್ಮ ಆಟವನ್ನು ಕುರಿತು ಬರೆದರು. ಇಲ್ಲಿ ಆಡಿದರು.

ಇನ್ನು ಗಣನೆಯ ವಿಷಯ. ಮೈಸೂರು ತಂಡವು ೧೯೫೨–೫೩, ೧೯೬೭–೬೮ ಮತ್ತು ೧೯೬೮–೬೯ರಲ್ಲಿಯೂ ಸಂತೋಷ್ ಟ್ರೋಫಿಯನ್ನು ಪಡೆಯಿತು. ಅನಂತರ ಐವತ್ತನಾಲ್ಕು ವರ್ಷಗಳ ಬರಗಾಲ. ೨೦೨೩ನೆಯ ಮಾರ್ಚ್ ೪ರಂದು ಸೌದಿ ಅರೇಬಿಯಾದ ರಿಯಾಧಿನಲ್ಲಿ ಕರ್ನಾಟಕವು ಮೇಘಾಲಯವನ್ನು ೩–೨ರಿಂದ ಜಯಿಸಿತು. ಇದು ಕರ್ನಾಟಕಕ್ಕೆ ಮೊದಲನೆಯ ಜಯವೋ ಐದನೆಯದೋ ಎಂಬುದು ಪ್ರಶ್ನೆ. ರಾಜ್ಯಕ್ಕೆ ಕರ್ನಾಟಕವೆಂದು ನಾಮಕರಣವಾದುದು ೧೯೭೩ನೆಯ ನವೆಂಬರ್ ೧ರಂದು. ಆದಕಾರಣ ‘ಕರ್ನಾಟಕ’ವೆಂಬ ಹೆಸರನ್ನು ಮಾತ್ರ ಹುಡುಕುವವನಿಗೆ ಒಂದೇ ಜಯ ದೊರೆಯುತ್ತದೆ. ದೋರಸಮುದ್ರವೇ ಹಳೇಬೀಡೆಂದು ಬಲ್ಲವನಿಗೆ ಐದು ದೊರೆಯುತ್ತವೆ. ಐದೆಂಬುದೇ ಸಾಧುವಾದ ಗಣನೆ.

ಇಲ್ಲಿ ಒಂದು ಪೂರ್ವಪಕ್ಷವುಂಟು. ಹೆಸರು ಒಂದೇ ಆದರೂ ೧೯೪೬–೪೭ರ ಮೈಸೂರೂ ೧೯೬೮ರ ಮೈಸೂರೂ ಒಂದೇ ನಾಡಲ್ಲ. ನಡುವೆ ೧೯೫೬ನೆಯ ನವೆಂಬರ್ ೧ರಂದು ಮುಂಬಯಿ, ಹೈದರಾಬಾದು, ಮದರಾಸುಗಳ ಕನ್ನಡ ಪ್ರದೇಶಗಳೂ ಕೊಡಗೂ ಬಂದು ಸೇರಿವೆ. ಹಾಗಾದರೆ ಹಿಂದಿನ ಎರಡು ಜಯಗಳನ್ನು ಹಳೆಯ ಸಂಸ್ಥಾನಕ್ಕೆ ಬಿಟ್ಟುಬಿಡಬೇಕಲ್ಲವೆ? ಈ ಆಕ್ಷೇಪಣೆಯಲ್ಲಿ ಸತ್ಯಾಂಶವಿಲ್ಲದಿಲ್ಲ. ಆದರೂ ಹೊಯ್ಸಳ ರಾಜ್ಯವು ವಿಷ್ಣುವರ್ಧನನಿಂದ ಇಮ್ಮಡಿ ಬಲ್ಲಾಳನವರೆಗೆ ಮೇರೆಗಳನ್ನು ಎಷ್ಟೋ ಸಲ ಬದಲಾಯಿಸಿತು. ಅಷ್ಟರಿಂದ ಅದು ಬೇರೆ ಬೇರೆ ರಾಜ್ಯವಾಯಿತೆಂದು ಯಾರೂ ಬರೆದಿಲ್ಲ. ವಂಶವು ಮುಂದುವರಿಯಿತು. ಇಲ್ಲಿಯೂ ಮೈದಾನವು, ಆಟದ ಪರಂಪರೆಯು ಮುಂದುವರಿಯಿತು.

ಮೊದಲು ಹೇಳಿದ ಬಳ್ಳಿಗಾವೆಯ ನ್ಯಾಯವು ಆಟಗಾರರಿಗೆ ಅನ್ವಯಿಸುತ್ತದೆ. ಕಲ್ಕತ್ತೆಯ ಈಸ್ಟ್ ಬೆಂಗಾಲ್ ಸಂಘವು ೧೯೪೯, ೧೯೫೦, ೧೯೫೧ ಈ ಮೂರು ವರ್ಷಗಳಲ್ಲಿ ಒಂದೇ ಸಮನೆ ಐ. ಎಫ್. ಎ. ಷೀಲ್ಡನ್ನು ಗೆದ್ದಿತು. ಅದರ ಮುಂಚೂಣಿಯ ವೆಂಕಟೇಶ್, ಅಪ್ಪಾರಾವ್, ಧನರಾಜ್, ಅಹಮದ್ ಖಾನ್, ಸಾಲೇ ಎಂಬ ಐವರನ್ನು ಬಂಗಾಳಿಗಳು ‘ಪಂಚಪಾಂಡವ’ರೆಂದು ಕರೆದರು. ಐವರೂ ದಾಕ್ಷಿಣಾತ್ಯರು! ಇವರಲ್ಲಿ ಅಹಮದ್ ಖಾನರು ೧೯೨೬ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿ, ಬೆಂಗಳೂರು ಮುಸ್ಲಿಮ್ಸ್ ತಂಡದಲ್ಲಿ ಆಡಿ, ಆಮೇಲೆ ಕಲ್ಕತ್ತೆಗೆ ಹೋದವರು. ೧೯೪೮ನೆಯ ಜುಲೈ ೩೧ರಂದು ಲಂಡನ್ ಒಲಿಂಪಿಕ್ಸಿನಲ್ಲಿ ಭಾರತವು ಫ್ರಾನ್ಸಿನೊಡನೆ ೧–೨ರಿಂದ ಸೋತ ಪಂದ್ಯದಲ್ಲಿ ಅವರು ಆಡಿದ್ದರು. ಭಾರತೀಯರಲ್ಲಿ ಬಹುಮಂದಿ ಅಂದು ಬರಿಗಾಲಿನಲ್ಲಿದ್ದರು. ೧೯೫೨ರ ಹೆಲ್ಸಿಂಕಿಯಲ್ಲಿ ಯುಗೋಸ್ಲಾವಿಯವು ಭಾರತವನ್ನು ೧೦–೧ರಿಂದ ಸೋಲಿಸಿದಾಗ ಭಾರತದ ಆ ಒಂದು ಗೋಲೂ ಅವರದೇ. ಕಲ್ಕತ್ತೆಯ ಕೀರ್ತಿಯಲ್ಲಿ ಬೆಂಗಳೂರಿಗೆ ಸಲ್ಲತಕ್ಕ ಭಾಗವೆಂದರೆ ಇಂಥದು. ೧೯೫೧ರ ದೆಹಲಿಯ ಏಷ್ಯನ್ ಕ್ರೀಡೆಗಳಲ್ಲಿ ಸುವರ್ಣ ಪದಕ ಗೆದ್ದ ತಂಡದಲ್ಲಿಯೂ ಇದ್ದ ಅವರು ೨೦೧೭ನೆಯ ಆಗಸ್ಟಿನಲ್ಲಿ ತಾವು ಹುಟ್ಟಿದ ಬೆಂಗಳೂರಿನಲ್ಲಿಯೇ ತೀರಿಕೊಂಡರು.

ರೂವಾರಿಯು ವಿಗ್ರಹದ ಅಡಿಯಲ್ಲಿ ಕೊರೆದಂತೆ ಮೈಸೂರು ಸೀಮೆಯ ಆಟಗಾರನೊಬ್ಬನ ಹೆಸರು ಈ ಪಂದ್ಯಾವಳಿಯಲ್ಲಿ ಲೋಹದ ಮೇಲೆ ನಿಂತಿರುವುದು ಒಂದು ಕಡೆ ಮಾತ್ರ. ಸಂತೋಷ್ ಟ್ರೋಫಿಯಲ್ಲಿ ಮೂರನೆಯ ಸ್ಥಾನಕ್ಕೆ ಕೊಡತಕ್ಕ ಬಹುಮಾನವನ್ನು ಮೈಸೂರಿನ ಪ್ರಸಿದ್ಧ ಆಟಗಾರ ಸಂಪಂಗಿಯ ಸ್ಮರಣಾರ್ಥವಾಗಿ ಈ ರಾಜ್ಯದ ಕಾಲ್ಚೆಂಡಿನ ಸಂಸ್ಥೆಯು ಇತ್ತಿದೆ; ಅದಕ್ಕೆ ಸಂಪಂಗಿ ಕಪ್ಪೆಂದೇ ಹೆಸರು.