ಒಂದು ಅಕ್ಷರದ ಹಿಂದಿನ ಚರಿತ್ರೆ



ವೈದ್ಯಕೀಯ ಸಂಕೇತಗಳ ಚರಿತ್ರೆಯನ್ನು ಕುರಿತು ಮಾತನಾಡುವೆವೆಂದು ತಿಳಿಸಿದಾಗ, ಹಬ್ಬದೂಟಕ್ಕೆ ಮುಂಚೆ ಇಂಥ ಒಣ ವಿಷಯವೇಕೆಂದು ಮಿತ್ರರೊಬ್ಬರು ಹುಬ್ಬೇರಿಸಿದರು. ಅವರ ಆಕ್ಷೇಪಣೆ ನ್ಯಾಯವಾದುದೇ. ಆದರೂ ಡೆಟ್ರಾಯಿಟ್ ಕಡೆಯಿಂದ ಐದು ಗಂಟೆ ಕಾರು ನಡೆಸಿಕೊಂಡು ಡೆಸ್ ಪ್ಲೇನ್ಸಿಗೆ ಬಂದ ನಮಗೆ ಇದನ್ನೇ ಹೇಳಬೇಕೆನಿಸಿದೆ.

ಕೆಲವು ವರ್ಷಗಳ ಹಿಂದೆ ನಮ್ಮವರೇ ಆದ ಕುಟುಂಬವೊಂದರ ತಾಯಿ ಕಾಗದವೊಂದನ್ನು ಹಿಡಿದು ನಮ್ಮ ಮನೆಗೆ ಬಂದರು. ಕಾಲೇಜಿನಲ್ಲಿ ಓದುತ್ತಿದ್ದ ಮಗ, ಖಿನ್ನತೆಗೆಂದು ಕೊಟ್ಟಿದ್ದ ಮಾತ್ರೆಗಳನ್ನೇ ಮಿತಿಮೀರಿ ನುಂಗಿ, ಆಸ್ಪತ್ರೆ ಸೇರಿ, ಬದುಕಿ ಬಂದಿದ್ದ. ಕಾಗದ ಅವನ ಮರುಭೇಟಿಗೆ ಸಂಬಂಧಿಸಿದ್ದು. ಅದರಲ್ಲಿ 'ಟಿ 43.222 ಡಿ' ಎಂದು ಬರೆದಿತ್ತು. "ಡಾಕ್ಟರೇ, ಇದನ್ನ ತೆಗೆಸೋದಕ್ಕಾಗುತ್ತಾ? ನಾಳೆ ಅವನ ಕೆಲಸ, ಮದುವೆ..." ಎಂದು ಅಲ್ಲಿಗೇ ನಿಲ್ಲಿಸಿದರು. ಈ ಸಂಗತಿಯನ್ನು ಅವರ ಒಪ್ಪಿಗೆ ಪಡೆದೇ ಇಲ್ಲಿ ಹೇಳುತ್ತಿದ್ದೇವೆ. ಅಂದು ನಾವು ಕೊಟ್ಟ ಉತ್ತರ ಅರ್ಧಂಬರ್ಧವಾಗಿತ್ತು. ಪೂರ್ತಿ ಉತ್ತರಕ್ಕೆ ಸ್ವಲ್ಪ ಹಿಂದಕ್ಕೆ ಹೋಗಬೇಕಾಯಿತು.

ಹೋದರೆ ಸಿಕ್ಕಿದ್ದು ಪಕ್ಕದ ಚಿಕಾಗೋ ನಗರವೇ. 1893 ಎಂದೊಡನೆ ನಮಗೆಲ್ಲ ವಿವೇಕಾನಂದರ ನೆನಪಾಗುತ್ತದೆ. ಅದೇ ವರ್ಷ, ಅದೇ ಊರಿನಲ್ಲಿ ಅಂತರರಾಷ್ಟ್ರೀಯ ಸಂಖ್ಯಾಶಾಸ್ತ್ರ ಸಂಸ್ಥೆಯ ಅಧಿವೇಶನವೂ ನಡೆಯಿತು. ಪ್ಯಾರಿಸ್ ನಗರದ ಅಂಕಿಅಂಶ ವಿಭಾಗದ ಮುಖ್ಯಸ್ಥ ಜಾಕ್ ಬರ್ಟಿಯೋಂ ಅಲ್ಲಿ ಮರಣಕಾರಣಗಳ ಪಟ್ಟಿಯೊಂದನ್ನು ಮಂಡಿಸಿದರು. ಅವರ ಸಹೋದರ ಆಲ್ಫೋನ್ಸ್, ಅಪರಾಧಿಗಳ ತಲೆ, ಕೈಕಾಲುಗಳನ್ನು ಅಳೆದು ಗುರುತು ಹಿಡಿಯುವ ವಿಧಾನಕ್ಕೆ ಹೆಸರಾದವರು. ಸಹೋದರರಿಬ್ಬರೂ ಮನುಷ್ಯರನ್ನು ಖಾನೆಗಳಲ್ಲಿ ಕೂರಿಸಿದವರೇ! 1898ರಲ್ಲಿ ಅಮೆರಿಕದ ಸಾರ್ವಜನಿಕ ಆರೋಗ್ಯ ಸಂಘವು ಆ ಪಟ್ಟಿಯನ್ನು ಉತ್ತರ ಅಮೆರಿಕದ ದೇಶಗಳು ಅಂಗೀಕರಿಸಬೇಕೆಂದೂ, ಹತ್ತು ವರ್ಷಕ್ಕೊಮ್ಮೆ ಅದನ್ನು ಪರಿಷ್ಕರಿಸಬೇಕೆಂದೂ ಸಲಹೆ ಮಾಡಿತು. 1900ರಲ್ಲಿ ಪ್ಯಾರಿಸ್‌ನಲ್ಲಿ ಮೊದಲ ಪರಿಷ್ಕರಣ ನಡೆಯಿತು.

ಅದು ಸತ್ತವರ ಪಟ್ಟಿ ಎಂಬುದನ್ನು ಗಮನಿಸಬೇಕು. ವಿಷ ಸೇವಿಸಿ ಸತ್ತವನಿಗೆ ಅಲ್ಲಿ ಸ್ಥಾನವಿತ್ತು, ಬದುಕಿದವನಿಗೆ ಇರಲಿಲ್ಲ. 1948ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಹೊಣೆ ಹೊತ್ತ ಆರನೆಯ ಪರಿಷ್ಕರಣದಲ್ಲಿ ಜೀವಂತರ ಕಾಯಿಲೆಗಳೂ, ಅವುಗಳೊಡನೆ ಮಾನಸಿಕ ಕಾಯಿಲೆಗಳೂ ಸೇರಿದವು. ಅಪಘಾತ, ವಿಷಪ್ರಾಶನಗಳಿಗೆ ಎರಡು ಸಂಕೇತಗಳಾದವು: ದೇಹಕ್ಕೆ ಏನಾಯಿತು ಎಂಬುದಕ್ಕೊಂದು, ಹೇಗಾಯಿತು ಎಂಬುದಕ್ಕೊಂದು.

ವಿಷದ ಮಾತಿನಲ್ಲಿಯೂ ಚಿಕಾಗೋ ಮುಂದು. ಈ ದೇಶದ ಮೊದಲ ವಿಷ ನಿಯಂತ್ರಣ ಕೇಂದ್ರ 1953ರಲ್ಲಿ ಅಲ್ಲಿ ಹುಟ್ಟಿತು. ಲೂಯಿಸ್ ಗ್ಡಾಲ್ಮನ್ ಎಂಬ ಔಷಧತಜ್ಞರು ಮನೆಬಳಕೆಯ ವಸ್ತುಗಳಲ್ಲಿ ಯಾವ ವಿಷವಿದೆಯೆಂದು ಕಾರ್ಡುಗಳಲ್ಲಿ ಬರೆದಿಟ್ಟು ವೈದ್ಯರಿಗೆ ನೆರವಾಗುತ್ತಿದ್ದರು, ಡಾ. ಎಡ್ವರ್ಡ್ ಪ್ರೆಸ್ ಆ ಕೆಲಸಕ್ಕೊಂದು ವ್ಯವಸ್ಥೆಯ ರೂಪ ಕೊಟ್ಟರು. ಅವರ ಚಿಂತೆಯೆಲ್ಲ ಕೈಗೆ ಸಿಕ್ಕಿದ್ದನ್ನು ಬಾಯಿಗಿಡುವ ಎಳೆಮಕ್ಕಳದು. ಮಗುವನ್ನು ಯಾಕೆ ನುಂಗಿದೆ ಎಂದು ಯಾರು ಕೇಳುತ್ತಾರೆ? ನಾಲ್ಕೇ ವರ್ಷಗಳಲ್ಲಿ, 1957ರಲ್ಲಿ, ಸ್ವಿಟ್ಜರ್ಲೆಂಡಿನ ರೋಲಾಂಡ್ ಕೂನ್ ಇಮಿಪ್ರಮೀನ್ ಖಿನ್ನತೆಯನ್ನು ಇಳಿಸುತ್ತದೆಂದು ವರದಿ ಮಾಡಿದರು. ಬದುಕುವ ಆಸೆ ಚಿಗುರಿಸಬೇಕಾದ ಔಷಧಿ, ಅದೇ ಆಸೆ ಬತ್ತಿದವರ ಕೈಗೆ ಎಟುಕುವ ವಿಷವೂ ಆಯಿತು. 'ಯಾಕೆ' ಎಂಬ ಪ್ರಶ್ನೆಯನ್ನು ಇನ್ನು ತಪ್ಪಿಸಿಕೊಳ್ಳುವಂತಿರಲಿಲ್ಲ.

ಆದರೂ ತಪ್ಪಿಸಿಕೊಂಡೆವು. 1968ರಲ್ಲಿ ನಮ್ಮ ಕಡೆಯ ಆನ್ ಆರ್ಬರ್‌ನಿಂದ ಆಸ್ಪತ್ರೆಗಳಿಗೆಂದೇ ಒಂದು ಸಂಕೇತಾವಳಿ ಹೊರಟಿತು. 1979ರಿಂದ ದೇಶದಾದ್ಯಂತ ಐಸಿಡಿ-9-ಸಿಎಂ ಬಂದಿತು. ತೊಂಬತ್ತರ ದಶಕದ ಕೊನೆಯಲ್ಲಿ ನಾವು ರೆಸಿಡೆನ್ಸಿ ಮಾಡುವಾಗ ಕಲಿತದ್ದು ಅದನ್ನೇ. ಖಿನ್ನತೆಯ ಔಷಧಿಯಿಂದಾದ ವಿಷಬಾಧೆಗೆ 969.0. ಉದ್ದೇಶವನ್ನು ಹೇಳಲು ಬೇರೊಂದು 'ಇ' ಸಂಕೇತ. ಇದರಿಂದ ಹಣ ಬರುತ್ತಿರಲಿಲ್ಲ. ಆದ್ದರಿಂದ ಎಷ್ಟೋ ಕಡೆ ಬರೆಯುತ್ತಲೇ ಇರಲಿಲ್ಲ. ಮರುಭೇಟಿಯನ್ನು ಆ ವಿಷಬಾಧೆಗೆ ನೇರವಾಗಿ ಜೋಡಿಸುವ ಅಕ್ಷರವೂ ಇರಲಿಲ್ಲ. 1987ರ ಕೊನೆಯಲ್ಲಿ ಒಪ್ಪಿಗೆ ಪಡೆದ ಫ್ಲುಯಾಕ್ಸೆಟಿನ್‌ನಂತಹ ಹೊಸ ಔಷಧಿಗಳು ಹಳೆಯವುಗಳಷ್ಟು ಹೃದಯಕ್ಕೆ ಅಪಾಯಕಾರಿಗಳಲ್ಲ; ಆದರೂ 2009ರ ಅಕ್ಟೋಬರ್‌ವರೆಗೆ ಹಳತು ಹೊಸತೆಲ್ಲ ಒಂದೇ ಚೀಲದಲ್ಲಿದ್ದವು.

ಎರಡು ಸಲ ಮುಂದೂಡಿ, 2015ರ ಅಕ್ಟೋಬರ್ 1ರಂದು ಐಸಿಡಿ-10-ಸಿಎಂ ಜಾರಿಗೆ ಬಂದಿತು. ಈಗ ಆ ತಾಯಿಯ ಕಾಗದವನ್ನು ಓದಬಹುದು. 'ಟಿ 43.22' ಎಂದರೆ ಫ್ಲುಯಾಕ್ಸೆಟಿನ್ ಗುಂಪಿನ ಔಷಧಿ. ಆರನೆಯ ಸ್ಥಾನದ '2' ಎಂದರೆ ಉದ್ದೇಶಪೂರ್ವಕ ಸ್ವಯಂಹಾನಿ. '1' ಇದ್ದಿದ್ದರೆ ಆಕಸ್ಮಿಕ. ಕೊನೆಯಲ್ಲಿ 'ಎ' ಇದ್ದರೆ ಮುಖ್ಯ ಚಿಕಿತ್ಸೆ ನಡೆಯುತ್ತಿದೆ, 'ಡಿ' ಇದ್ದರೆ ಅದು ಮುಗಿದು ಚೇತರಿಕೆಯ ಕಾಲದ ಭೇಟಿ, 'ಎಸ್' ಇದ್ದರೆ ಉಳಿದ ದುಷ್ಪರಿಣಾಮ. ಉದ್ದೇಶವೂ ಮರುಭೇಟಿಯೂ ಒಂದೇ ಸಂಕೇತದಲ್ಲಿ ಹೆಣೆದುಕೊಂಡವು. ಆದರೆ ವೈದ್ಯರು ಉದ್ದೇಶವನ್ನು ಬರೆಯದಿದ್ದರೆ, ನಿಯಮದ ಪ್ರಕಾರ ಅದು ಆಕಸ್ಮಿಕವೆಂದೇ ದಾಖಲಾಗುತ್ತದೆ. ಮೌನಕ್ಕೂ ಒಂದು ಸಂಖ್ಯೆಯುಂಟು.

ಆ ಮೌನವನ್ನು ನಾವೂ ಬರೆದವರೇ. ಕರ್ನಾಟಕದಲ್ಲಿ ಹೌಸ್ ಸರ್ಜನ್ ಆಗಿದ್ದ ದಿನಗಳು. ಅಲ್ಲಿ ಬರುತ್ತಿದ್ದುದು ಹೆಚ್ಚಾಗಿ ಹೊಲಕ್ಕೆ ಸಿಂಪಡಿಸುವ ಕೀಟನಾಶಕ ಕುಡಿದವರು. ದಂಡಸಂಹಿತೆಯ 309ನೇ ಕಲಮಿನಂತೆ ಆತ್ಮಹತ್ಯೆಗೆ ಯತ್ನಿಸುವುದು ಅಪರಾಧ, ಎಂ.ಎಲ್.ಸಿ. ಮಾಡಿದರೆ ಪೊಲೀಸರು ಬರುತ್ತಾರೆ. ಒಂದು ರಾತ್ರಿ ಹುಡುಗಿಯೊಬ್ಬಳ ತಂದೆ, "ಸ್ವಾಮಿ, ತಪ್ಪಿ ಕುಡಿದಳು ಅಂತ ಬರೆದುಬಿಡಿ, ಮನೆ ಮರ್ಯಾದೆ ಉಳಿಸಿ" ಎಂದು ಕಾಲು ಹಿಡಿದರು. ಕನಿಕರಪಟ್ಟು ಹಾಗೆಯೇ ಬರೆದೆವು. ತಪ್ಪಿ ಕುಡಿದವಳನ್ನು ಮನೋವೈದ್ಯರ ಬಳಿಗೆ ಯಾರು ಕಳಿಸುತ್ತಾರೆ? ಐದನೆಯ ದಿನ ಮನೆಗೆ ಹೋದಳು. ಎರಡು ತಿಂಗಳಾದ ಮೇಲೆ ಅವಳನ್ನು ಮತ್ತೆ ತಂದರು. ಆ ಸಲ ಚಿಕಿತ್ಸೆಗೆ ಏನೂ ಉಳಿದಿರಲಿಲ್ಲ.

ಕಾನೂನು ಬದಲಾಗಲು ಬಹುಕಾಲ ಹಿಡಿಯಿತು. 2017ರ ಮಾನಸಿಕ ಆರೋಗ್ಯ ಕಾಯ್ದೆಯ 115ನೇ ಕಲಮು, ಹಾಗೆ ಮಾಡಿಕೊಂಡವರು ತೀವ್ರ ಒತ್ತಡದಲ್ಲಿದ್ದರೆಂದೇ ಭಾವಿಸಬೇಕೆಂದು ಹೇಳಿತು. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ 309ರಂತಹ ಕಲಮು ಇಲ್ಲ. ಸರಕಾರಿ ಅಧಿಕಾರಿಯನ್ನು ಒತ್ತಾಯಿಸಲೆಂದು ಮಾಡುವ ಯತ್ನ ಮಾತ್ರ ಈಗಲೂ ಅಪರಾಧ.

ಇನ್ನು ಆ ತಾಯಿಗೆ ಅಂದೇ ಹೇಳಬೇಕಾಗಿದ್ದ ಉಳಿದರ್ಧ. ದಾಖಲೆ ತಿದ್ದಲು ಕೇಳುವ ಹಕ್ಕು ಈ ದೇಶದಲ್ಲಿ ರೋಗಿಗೆ ಉಂಟು. ಬರೆದದ್ದು ನಿಜವಾಗಿದ್ದರೆ ನಿರಾಕರಿಸುವ ಹಕ್ಕು ವೈದ್ಯರಿಗೂ ಉಂಟು. ಮಗನ ಅನುಮತಿಯಿಲ್ಲದೆ ವೈದ್ಯರಾಗಲಿ ಆಸ್ಪತ್ರೆಯಾಗಲಿ ಅದನ್ನು ಕೆಲಸ ಕೊಡುವವರಿಗೆ ಒಪ್ಪಿಸುವಂತಿಲ್ಲ, ಬೀಗರಿಗಂತೂ ಇಲ್ಲವೇ ಇಲ್ಲ. ಹಳೆಯ ಕಾಯಿಲೆಯ ನೆಪ ಹೇಳಿ ಆರೋಗ್ಯ ವಿಮೆಯನ್ನು ನಿರಾಕರಿಸುವುದು 2014ರಿಂದ ನಿಂತಿದೆ. ಜೀವವಿಮೆಯವರು ಕೇಳಬಹುದು, ಅದನ್ನು ಮುಚ್ಚಿಡಲಾರೆವು. ಆದರೆ ಆ '2' ಅಳಿಸಿ '1' ಆದರೆ ನಷ್ಟವಾಗುವುದೇನು? ವಿಮೆಗಳ ಗುಣಮಟ್ಟವನ್ನು ಅಳೆಯುವ ಹೆಡಿಸ್ ಎಂಬ ಮಾನದಂಡವು, ಸ್ವಯಂಹಾನಿಯಿಂದ ಆಸ್ಪತ್ರೆಗೆ ಬಂದು ಹೋದವರು 7 ದಿನಗಳಲ್ಲಿ, 30 ದಿನಗಳಲ್ಲಿ ಮರುಭೇಟಿಗೆ ಬಂದರೋ ಎಂದು ಲೆಕ್ಕ ಇಡುತ್ತದೆ. ಬಾರದವರಿಗೆ ಫೋನು ಹೋಗುವುದು ಬಹಳ ಮಟ್ಟಿಗೆ ಈ ಲೆಕ್ಕದ ದೆಸೆಯಿಂದ. ಆಕಸ್ಮಿಕವೆಂದು ಬರೆಸಿಕೊಂಡವರ ಹೆಸರು ಅದರಲ್ಲಿ ಬರುವುದಿಲ್ಲ.

ತುರ್ತಿಗೆ ಬೇಕಾಗುವ ಸಂಖ್ಯೆಗಳನ್ನೂ ಹೇಳಿಬಿಡುತ್ತೇವೆ. ಇಲ್ಲಿ ಮನಸ್ಸಿನ ಸಂಕಟಕ್ಕೆ 988, ವಿಷಬಾಧೆಗೆ 1-800-222-1222. ಊರಿನಲ್ಲಿರುವ ಬಂಧುಗಳಿಗೆ ಟೆಲಿ ಮಾನಸ್, 14416. ಅಲ್ಲಿ ಕನ್ನಡದಲ್ಲೇ ಮಾತನಾಡಬಹುದು.

ಆ ಹುಡುಗ ಮುಂದಿನ ಭೇಟಿಗೂ ಹೋದ, ಅದರ ಮುಂದಿನದಕ್ಕೂ ಹೋದ. ಈಗ ಅವನ ಕಾಗದಗಳಲ್ಲಿ 'ಡಿ' ಇಲ್ಲ. ಹಿಂದೆಂದೋ ನಡೆದದ್ದೆಂದು ಸೂಚಿಸುವ 'ಜಡ್ 91.51' ಎಂಬ ಬೇರೆ ಸಂಕೇತವಿದೆ. ಮೊನ್ನೆ ತಾಯಿ ಫೋನು ಮಾಡಿದ್ದರು. ಸಂಕೇತದ ಮಾತೇ ಬರಲಿಲ್ಲ. ಅವರ ಮನೋವೈದ್ಯರು ಊರು ಬಿಡುತ್ತಿದ್ದಾರಂತೆ, ಹತ್ತಿರದಲ್ಲಿ ಬೇರೆ ಯಾರಾದರೂ ಒಳ್ಳೆಯವರಿದ್ದಾರೆಯೇ ಎಂದು ಕೇಳಿದರು.